ಎಂಟನೆಯ ದಡಿ ಇಲ್ಲ

ಅಣ್ಣನ ಮಗಳು ರಸಾಯನಶಾಸ್ತ್ರದಲ್ಲಿ ಎಂ.ಎಸ್ಸಿ. ಓದುತ್ತಿದ್ದಾಳೆ. ಇತ್ತೀಚೆಗೆ ಒಂದು ರಾತ್ರಿ ತನ್ನ ನೋಟ್‌ಬುಕ್ಕಿನ ಪುಟವೊಂದರ ಫೋಟೊ ತೆಗೆದು ವಾಟ್ಸ್ಯಾಪ್‌ನಲ್ಲಿ ಕಳಿಸಿದಳು. ಮೇಲೆ ಅಮೋನಿಯಾ ಅಣುವಿನ ಚಿತ್ರ, ಕೆಳಗೆ ಮೂರು ಸಾಲಿನ ಒಂದು ಪುಟ್ಟ ಕೋಷ್ಟಕ. ಮೊದಲ ಸಾಲಿನಲ್ಲಿ 1, 1, 1. ಎರಡನೆಯದರಲ್ಲಿ 1, 1, –1. ಮೂರನೆಯದರಲ್ಲಿ 2, –1, 0. ಜೊತೆಗೆ ಅವಳ ಪ್ರಶ್ನೆ: ‘ಕಾಕಾ, ಇದನ್ನ ಬಾಯಿಪಾಠ ಮಾಡ್ರಿ ಅಂದಾರ. ಮಾಡೀನಿ. ಆದ್ರ ಮೂರನೇ ಸಾಲಿನ ಈ ಮೈನಸ್ ಒಂದು ಎಲ್ಲಿಂದ ಬಂತು?’

ಆ ಮೈನಸ್ ಒಂದು ನನಗೆ ಹಳೆಯ ಪರಿಚಯ. ಅವಳ ವಯಸ್ಸಿನಲ್ಲಿ ನಾನೂ ಅದನ್ನು ಹೀಗೆಯೇ ಉರು ಹೊಡೆದಿದ್ದೆ, ಪರೀಕ್ಷೆಯಲ್ಲಿ ಬರೆದು ಅಂಕ ತೆಗೆದುಕೊಂಡಿದ್ದೆ. ಅವಳಿಗೆ ಉತ್ತರ ಬರೆಯೋಣವೆಂದು ಕಪಾಟಿನಲ್ಲಿದ್ದ, ಸಮ್ಮಿತಿಯ ಗಣಿತವಾದ ಗ್ರೂಪ್ ಥಿಯರಿಯ ಪುಸ್ತಕಗಳನ್ನೆಲ್ಲ ಕೆಳಗಿಳಿಸಿದೆ. ಅವುಗಳ ಬೆನ್ನಿಗೇ ಬನಹಟ್ಟಿಯ ನಮ್ಮ ಮಗ್ಗದ ಮನೆ, ರಬಕವಿಯ ಒಬ್ಬ ಡಿಸೈನ್ ಮಾಸ್ತರರು, ಬೀಳಗಿ ಕಡೆಯ ಒಬ್ಬ ಗೆಳೆಯ ನೆನಪಿಗೆ ಬಂದರು. ಈ ಪುಸ್ತಕಗಳಿಗೂ ಆ ಮಂದಿಗೂ ಏನು ಸಂಬಂಧ ಎಂದು ಯಾರಾದರೂ ಕೇಳಬಹುದು. ಸಂಬಂಧ ಇತ್ತು. ಆದರೆ ಅವರನ್ನು ಪರಸ್ಪರ ಭೇಟಿ ಮಾಡಿಸುವವರು ಯಾರೂ ಇರಲಿಲ್ಲ.

ನಮ್ಮದು ನೇಕಾರರ ಮನೆತನ. ಬನಹಟ್ಟಿಯಲ್ಲಿ ಆಗ ಓಣಿ ಓಣಿಗೂ ಮಗ್ಗದ ಸಪ್ಪಳ. ಕೈಮಗ್ಗಗಳು ಒಂದೊಂದಾಗಿ ಸುಮ್ಮನಾಗುತ್ತ, ಪಾವರ್‌ಲೂಮಿನ ಖಟಾಖಟ್ ಜೋರಾಗುತ್ತ ಬಂದ ಕಾಲ ಅದು. ನಮ್ಮ ಪಡಸಾಲೆಯಲ್ಲಿ ಎರಡೂ ಇದ್ದವು. ಅವ್ವ ಮೂಲೆಯಲ್ಲಿ ಕೂತು ಕಂಡಿಕೆ ಸುತ್ತುತ್ತಿದ್ದಳು, ಅಪ್ಪ ಮಗ್ಗದಲ್ಲಿ ಇರುತ್ತಿದ್ದರು, ನಾವು ಹುಡುಗರು ಕಡಿದ ಎಳೆ ಹುಡುಕಿ ಗಂಟು ಹಾಕುತ್ತಿದ್ದೆವು. ಸೀರೆಯ ಒಡಲು ನೇಯುವುದು ಸುಲಭ. ಕಷ್ಟವೆಲ್ಲ ದಡಿಯಲ್ಲಿ. ದಡಿಯ ಚಿತ್ತಾರ ಎಲ್ಲಿ ತಪ್ಪಿದರೂ ವ್ಯಾಪಾರಿ ಗದ್ದಿಗೆಯ ಮೇಲೆ ಕೂತಲ್ಲಿಂದಲೇ ಕಂಡು ಹಿಡಿದು ಕೂಲಿಯಲ್ಲಿ ಮುರಿದುಕೊಳ್ಳುತ್ತಿದ್ದ.

ಆದ್ದರಿಂದ ಅಪ್ಪ ನಮಗೆ ದಡಿ ಪರೀಕ್ಷಿಸುವುದನ್ನು ಕಲಿಸಿದ್ದರು. ಚಿತ್ತಾರದ ನಟ್ಟನಡುವೆ ಅಡ್ಡಕ್ಕೆ ಮಡಚಿ ಬೆಳಕಿಗೆ ಹಿಡಿ. ಒಂದು ಅರ್ಧ ಇನ್ನೊಂದು ಅರ್ಧದ ಮೇಲೆ ಕೂಡಿದರೆ ಸರಿ. ಕೂಡದಿದ್ದರೆ ಚಿತ್ತಾರ ಮೂಡಿಸುವ ಜಕಾರ್ಡಿನ ಯಾವುದೋ ಕಾರ್ಡಿನಲ್ಲಿ ತೂತು ಹರಿದಿದೆ, ಇಲ್ಲವೇ ಒಂದು ಎಳೆ ಜಾರಿದೆ. ಕೆಲವು ದಡಿ ಹೀಗೆ ಮಡಚಿದರೆ ಕೂಡುವುದಿಲ್ಲ, ಆದರೂ ಅದರಲ್ಲಿ ತಪ್ಪಿರುವುದಿಲ್ಲ. ಅಂಥದ್ದನ್ನು ತಲೆಕೆಳಗು ಮಾಡಿ ನೋಡಬೇಕು. ತಿರುಗಿಸಿದ ಮೇಲೂ ಮೊದಲಿನಂತೆಯೇ ಕಂಡರೆ ಅದು ಸರಿಯಾದ ದಡಿ. ಯಾವ ದಡಿಯನ್ನು ಮಡಚಬೇಕು, ಯಾವುದನ್ನು ತಿರುಗಿಸಬೇಕು ಎಂಬುದು ಅಪ್ಪನಿಗೆ ಒಂದು ನೋಟಕ್ಕೆ ತಿಳಿಯುತ್ತಿತ್ತು. ಅದಕ್ಕೆ ಹೆಸರಿರಲಿಲ್ಲ. ಹೆಸರಿನ ಅಗತ್ಯವೂ ಅವರಿಗೆ ಇರಲಿಲ್ಲ.

ಹೊಸ ದಡಿ ಬೇಕೆಂದರೆ ರಬಕವಿಗೆ ಹೋಗಬೇಕು. ಅಲ್ಲಿ ಒಬ್ಬ ಡಿಸೈನ್ ಮಾಸ್ತರರು ಇದ್ದರು. ಗೋಡೆಗೆ ಒರಗಿಸಿದ ಹಲಗೆ, ಅದರ ಮೇಲೆ ದೊಡ್ಡ ಗ್ರಾಫ್ ಕಾಗದ, ಎರಡು ಬಣ್ಣದ ಪೆನ್ಸಿಲು, ಅವರ ಸಾಮಾನು ಇಷ್ಟೇ. ಕಾಗದದ ಒಂದು ಚೌಕ ಎಂದರೆ ಹಾಸಿನ ಒಂದು ಎಳೆ ಹೊಕ್ಕಿನ ಒಂದು ಎಳೆಯನ್ನು ದಾಟುವ ಜಾಗ. ಚೌಕ ತುಂಬಿದರೆ ಹಾಸಿನ ಎಳೆ ಮೇಲೇಳಬೇಕು, ಖಾಲಿ ಬಿಟ್ಟರೆ ಕೆಳಗೇ ಇರಬೇಕು. ಚಿತ್ರ ಮುಗಿದ ಮೇಲೆ ಅದನ್ನು ಸಾಲು ಸಾಲಾಗಿ ಓದುತ್ತ ದಪ್ಪ ಕಾರ್ಡುಗಳಿಗೆ ತೂತು ಹೊಡೆದು, ಕಾರ್ಡುಗಳನ್ನು ಸರಪಳಿಯಂತೆ ಹೊಲಿದು ಕೊಡುತ್ತಿದ್ದರು. ಅಪ್ಪನ ಜೊತೆ ಹೋದಾಗಲೆಲ್ಲ ನಾನು ಅವರ ಹಲಗೆಯ ಪಕ್ಕ ಕೂತಿರುತ್ತಿದ್ದೆ. ಒಮ್ಮೆ ಮೂಲೆಯ ಒಂದು ತುಂಡು ಕಾಗದ ಕೊಟ್ಟು, ‘ನೀನೂ ಒಂದು ಹೂವು ತೆಗಿ’ ಎಂದರು. ನಾನು ಆರೆಸಳಿನ ಹೂವು ಬಿಡಿಸತೊಡಗಿದೆ.

‘ತಮ್ಮಾ, ಆರು ಎಸಳು ಮಗ್ಗದ ಮ್ಯಾಲೆ ಖರೇ ಬರೂದಿಲ್ಲ’ ಎಂದರು ಮಾಸ್ತರರು. ‘ನಾಕು ಹಾಕು, ಎತ್ತ ತಿರುವಿದ್ರೂ ಒಂದ ಆಗ್ತೈತಿ. ಆರು ಹಾಕಿದ್ರ ಎರಡು ಎಸಳು ಒಂಥರಾ, ಉಳದ ನಾಕು ಇನ್ನೊಂಥರಾ.’

‘ಯಾಕ್ರಿ ಮಾಸ್ತರ?’

‘ಯಾಕಂತ ಹ್ಯಾಂಗ ಹೇಳ್ಲಿ? ನಮ್ಮ ಗುರುಗಳೂ ಹಂಗ ಅಂತಿದ್ರು. ತೆಗದು ನೋಡು, ತಿಳೀತೈತಿ.’

ತೆಗೆದು ನೋಡಿದೆ. ಅವರು ಹೇಳಿದಂತೆಯೇ ಆಯಿತು. ಎಡಬಲದ ಎರಡು ಎಸಳು ನೆಟ್ಟಗೆ ಬಂದವು, ಓರೆಯ ನಾಲ್ಕು ಎಸಳು ಮೆಟ್ಟಿಲು ಮೆಟ್ಟಿಲಾಗಿ ಬೇರೆಯದೇ ಆಕಾರ ತಾಳಿದವು. ಎಷ್ಟು ಚೌಕ ಸೇರಿಸಿದರೂ ಕಳೆದರೂ ಆರೂ ಒಂದೇ ಥರ ಆಗಲೇ ಇಲ್ಲ. ಅದು ಯಾಕೆ ಎಂಬ ಪ್ರಶ್ನೆ ನನ್ನ ಜೊತೆಗೇ ಬೆಳೆಯಿತು. ಅದರ ಉತ್ತರ ಒಂದು ಪುಸ್ತಕದಲ್ಲಿ ಇದೆ ಎಂದು ತಿಳಿಯಲು ಬಹಳ ವರ್ಷ ಹಿಡಿಯಿತು.

ನಮ್ಮ ಕಡೆ ಗಣಿತದಲ್ಲಿ ಚುರುಕಾದ ಹುಡುಗನಿಗೆ ಹಿರಿಯರು ಪಾವಟೆಯವರ ಹೆಸರು ಹೇಳುತ್ತಿದ್ದರು. ಗೋಕಾಕ ತಾಲ್ಲೂಕಿನ ಮಮದಾಪುರದಲ್ಲಿ ಹುಟ್ಟಿ, ಕೇಂಬ್ರಿಜ್‌ಗೆ ಹೋಗಿ ಗಣಿತದಲ್ಲಿ ರ‍್ಯಾಂಗ್ಲರ್ ಆಗಿ, 1954ರಿಂದ 1967ರವರೆಗೆ ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯದ ಕುಲಪತಿಗಳಾಗಿದ್ದ ಡಿ. ಸಿ. ಪಾವಟೆ. ಘಟಪ್ರಭೆಯ ದಂಡೆಯ ಸೀಮೆಯಿಂದ ಒಬ್ಬರು ಅಷ್ಟು ದೂರ ಹೋಗಿದ್ದಾರೆಂದರೆ ನೀನೂ ಹೋಗಬಹುದು ಎಂಬುದು ಆ ಮಾತಿನ ಹುರುಳು. ಅದೇ ಧೈರ್ಯದ ಮೇಲೆ ನಾನು ದಿನಾ ಬಸ್ಸು ಹಿಡಿದು ಜಮಖಂಡಿಯಲ್ಲಿ ಪದವಿ ಓದಿದೆ, ಅಲ್ಲಿಂದ ಮುಂದೆ ಎಂ.ಎಸ್ಸಿ.ಗೆ ದೂರದ ಊರಿಗೆ ಹೋದೆ.

ಎಂ.ಎಸ್ಸಿ.ಯಲ್ಲಿ ಗ್ರೂಪ್ ಥಿಯರಿ ಒಂದು ಅರ್ಧ ಪೇಪರು. ಪಾಠ ಮಾಡುತ್ತಿದ್ದ ಸರ್ ತಮ್ಮ ಹಳದಿಯಾದ ಟಿಪ್ಪಣಿ ನೋಡಿ ಬೋರ್ಡಿನ ಮೇಲೆ ಕೋಷ್ಟಕ ಬರೆಯುತ್ತಿದ್ದರು, ನಾವು ಇಳಿಸಿಕೊಳ್ಳುತ್ತಿದ್ದೆವು. ಅವರ ಅಕ್ಷರ ದುಂಡಗೆ, ಗೆರೆ ನೇರ. ನೀರಿಗೆ ಒಂದು ಕೋಷ್ಟಕ, ಅಮೋನಿಯಾಕ್ಕೆ ಒಂದು, ಮೀಥೇನಿಗೆ ಒಂದು. ‘ಈ ಸಂಖ್ಯೆಗಳನ್ನು ನೆನಪಿಡಿ, ಪರೀಕ್ಷೆಗೆ ಇಷ್ಟು ಸಾಕು’ ಎನ್ನುತ್ತಿದ್ದರು. ಒಂದು ಅಣುವಿನ ಮಾದರಿಯನ್ನೂ ಅವರು ಕೈಯಲ್ಲಿ ಹಿಡಿದು ತಿರುಗಿಸಿ ತೋರಿಸಲಿಲ್ಲ. ಅವರನ್ನು ಈಗ ನೆನೆದರೆ ನನಗೆ ಸಿಟ್ಟಿಲ್ಲ. ಅವರಿಗೂ ಯಾರೋ ಹೀಗೆಯೇ ಬರೆಸಿದ್ದರು. ಹಾಸ್ಟೆಲ್ ಫೀಜು ಕಟ್ಟಲಾಗದ ಹುಡುಗರಿಗೆ ಸದ್ದಿಲ್ಲದೆ ತಮ್ಮ ಜೇಬಿನಿಂದ ಕಟ್ಟಿದವರೂ ಅವರೇ. ಆದರೆ ನಿಜವನ್ನು ನಿಜವೆಂದೇ ಹೇಳಬೇಕು. ಆ ಪಾಠದಿಂದ ಒಂದು ಇಡೀ ತಲೆಮಾರಿನ ಹುಡುಗರು ವಿಜ್ಞಾನದ ಅತ್ಯಂತ ಚೆಲುವಾದ ಒಂದು ವಿಷಯವನ್ನು ಅಂಕದ ಪಟ್ಟಿ ಎಂದು ತಿಳಿದು ದಾಟಿಹೋದರು. ಅವರಲ್ಲಿ ಅನೇಕರು ಮುಂದೆ ಮೇಷ್ಟರಾಗಿ ಅದನ್ನೇ ಬರೆಸಿದರು. ಅಣ್ಣನ ಮಗಳ ನೋಟ್‌ಬುಕ್ಕಿನವರೆಗೂ ಆ ಕೋಷ್ಟಕ ಹಾಗೇ ಹರಿದು ಬಂದಿದೆ.

ಗ್ರಂಥಾಲಯದಲ್ಲಿ ಪುಸ್ತಕಗಳಿದ್ದವು. ರಸಾಯನಶಾಸ್ತ್ರದವರೆಲ್ಲ ಹುಡುಕುತ್ತಿದ್ದದ್ದು ಆಲ್ಬರ್ಟ್ ಕಾಟನ್ ಬರೆದ ‘ಕೆಮಿಕಲ್ ಅಪ್ಲಿಕೇಶನ್ಸ್ ಆಫ್ ಗ್ರೂಪ್ ಥಿಯರಿ’. 1963ರಲ್ಲಿ ಮೊದಲು ಬಂದ ಆ ಪುಸ್ತಕ ಇವತ್ತಿಗೂ ಪಠ್ಯಪಟ್ಟಿಗಳಲ್ಲಿ ಇದೆ. ಅದು ಕೈ ಹಿಡಿದು ನಡೆಸುತ್ತದೆ. ಯಾವ ಅಣುವಿಗೆ ಯಾವ ಸಮ್ಮಿತಿ, ಯಾವ ಕಂಪನ ಎಲ್ಲಿ ಕಾಣುತ್ತದೆ ಎಂದು ತಿಳಿಸುತ್ತದೆ. ಆದರೆ ಎಲ್ಲದರ ತಳದಲ್ಲಿರುವ ಪ್ರಮೇಯವನ್ನು ಸಾಬೀತು ಮಾಡದೆ ಕೊಟ್ಟು ಮುಂದೆ ಸಾಗುತ್ತದೆ. ಭೌತಶಾಸ್ತ್ರದ ಕಡೆಯ ಕಪಾಟಿನಲ್ಲಿ 1962ರ ಹ್ಯಾಮರ್ಮೆಶ್, 1964ರ ಟಿಂಕಮ್ ಇದ್ದವು. ಇವು ಗಟ್ಟಿ ಪುಸ್ತಕಗಳು. ಮೊದಲ ಅಧ್ಯಾಯದಿಂದಲೇ ಏರು ಹತ್ತಬೇಕು. ಮೀರತ್ತಿನ ಎ. ಡಬ್ಲ್ಯು. ಜೋಶಿಯವರು ನಮ್ಮ ದೇಶದ ವಿದ್ಯಾರ್ಥಿಗಳಿಗೆಂದೇ ಬರೆದ ಪುಸ್ತಕ ಎಪ್ಪತ್ತರ ದಶಕದಲ್ಲಿ ಬಂತು. ಕೈಗೆಟಕುವ ಬೆಲೆಯಲ್ಲಿ ಸಿಗುತ್ತಿದ್ದುದರಿಂದ ಅದು ಹಾಸ್ಟೆಲಿನಲ್ಲಿ ಕೈಯಿಂದ ಕೈಗೆ ಓಡಾಡುತ್ತಿತ್ತು.

ಈ ಸಾಲಿನ ಕೊನೆಯಲ್ಲಿ ರಟ್ಟು ಸಡಿಲವಾದ ಇನ್ನೊಂದು ಪುಸ್ತಕ ಇತ್ತು. ‘ಥಿಯರಿ ಆಫ್ ಗ್ರೂಪ್ಸ್ ಅಂಡ್ ಇಟ್ಸ್ ಅಪ್ಲಿಕೇಶನ್ ಟು ಫಿಸಿಕಲ್ ಪ್ರಾಬ್ಲಮ್ಸ್’. ಬರೆದವರು ಎಸ್. ಭಗವಂತಂ ಮತ್ತು ಟಿ. ವೆಂಕಟರಾಯುಡು. ಪ್ರಕಾಶಕರು ವಾಲ್ಟೇರಿನ ಆಂಧ್ರ ವಿಶ್ವವಿದ್ಯಾಲಯ, ವರ್ಷ 1948. ಜಮಖಂಡಿ, ಮುಧೋಳ ಸಂಸ್ಥಾನಗಳು ಮುಂಬಯಿ ಪ್ರಾಂತದಲ್ಲಿ ವಿಲೀನವಾದದ್ದೂ ಅದೇ ವರ್ಷ. ಕಾಟನ್, ಹ್ಯಾಮರ್ಮೆಶ್, ಟಿಂಕಮ್ ಅವರ ಪುಸ್ತಕಗಳು ಬರುವುದಕ್ಕೆ ಸುಮಾರು ಹದಿನೈದು ವರ್ಷ ಮೊದಲೇ ನಮ್ಮ ದಕ್ಷಿಣ ದೇಶದ ಇಬ್ಬರು ಈ ವಿಷಯದ ಮೇಲೆ ಒಂದು ಪೂರ್ಣ ಪುಸ್ತಕ ಬರೆದಿದ್ದರು. ನನಗೆ ಇದನ್ನು ಯಾರೂ ಹೇಳಿರಲಿಲ್ಲ.

ಭಗವಂತಂ ಕಲ್ಕತ್ತೆಯಲ್ಲಿ ಸಿ. ವಿ. ರಾಮನ್ ಅವರ ಬಳಿ ಪಳಗಿದವರು. 1928ರಲ್ಲಿ ರಾಮನ್ ಪರಿಣಾಮ ಬೆಳಕಿಗೆ ಬಂತು. ಒಂದು ವಸ್ತುವಿನ ಮೇಲೆ ಬಿದ್ದ ಬೆಳಕು ಚದುರುವಾಗ ಅದರ ಒಂದು ಪುಟ್ಟ ಪಾಲಿನ ಬಣ್ಣ ಕೊಂಚ ಬದಲಾಗುತ್ತದೆ, ಆ ಬದಲಾವಣೆಯಲ್ಲಿ ಅಣುಗಳು ಹೇಗೆ ಕಂಪಿಸುತ್ತಿವೆ ಎಂಬುದರ ಗುರುತು ಇರುತ್ತದೆ. ಆದರೆ ಎಲ್ಲ ಕಂಪನಗಳೂ ಗುರುತು ಬಿಡುವುದಿಲ್ಲ. ಯಾವುದು ಕಾಣಬೇಕು, ಯಾವುದು ಕಾಣಬಾರದು ಎಂದು ತೀರ್ಮಾನಿಸುವುದು ಆ ಅಣುವಿನ ಅಥವಾ ಹರಳಿನ ಸಮ್ಮಿತಿ. ಹರಳುಗಳಲ್ಲಿ ಇದನ್ನು ಲೆಕ್ಕ ಹಾಕುವ ದಾರಿಯನ್ನು ಭಗವಂತಂ, ವೆಂಕಟರಾಯುಡು 1939ರಲ್ಲಿ ಇಂಡಿಯನ್ ಅಕಾಡೆಮಿ ಆಫ್ ಸೈನ್ಸಸ್‌ನ ಪತ್ರಿಕೆಯಲ್ಲಿ ಪ್ರಕಟಿಸಿದರು. ರಾಮನ್ ಬೆಂಗಳೂರಿನಲ್ಲಿ ಕಟ್ಟಿದ ಅಕಾಡೆಮಿ ಅದು. ಮುಂದೆ 1957ರಿಂದ 1962ರವರೆಗೆ ಭಗವಂತಂ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ನಿರ್ದೇಶಕರೂ ಆದರು. ಯುರೋಪಿನಲ್ಲಿ ವೈಲ್ 1928ರಲ್ಲಿ, ವಿಗ್ನರ್ 1931ರಲ್ಲಿ ಗ್ರೂಪ್ ಥಿಯರಿಯನ್ನು ಕ್ವಾಂಟಂ ವಿಜ್ಞಾನಕ್ಕೆ ತಂದಾಗ ಕೆಲವು ದೊಡ್ಡ ಭೌತವಿಜ್ಞಾನಿಗಳೇ ಅದನ್ನು ಪಿಡುಗು ಎಂದು ಕರೆದು ದೂರ ಇಟ್ಟಿದ್ದರು. ಅಂಥ ಹೊತ್ತಿನಲ್ಲಿ ವಾಲ್ಟೇರಿನಲ್ಲಿ ಕೂತು ಇದನ್ನು ಕೈವಶ ಮಾಡಿಕೊಂಡ ಇಬ್ಬರ ಬಗ್ಗೆ ನನಗೆ ಹುಟ್ಟಿದ ಗೌರವ ಇವತ್ತಿಗೂ ಇಳಿದಿಲ್ಲ.

ಆ ಪುಸ್ತಕವನ್ನು ಗ್ರಂಥಾಲಯದ ಮೇಜಿನ ಮೇಲೆ ಇಟ್ಟುಕೊಂಡು, ಪಕ್ಕದಲ್ಲಿ ಜೋಶಿಯವರದನ್ನು ತೆರೆದುಕೊಂಡು, ಆ ಮೈನಸ್ ಒಂದು ಎಲ್ಲಿಂದ ಬಂತು ಎಂದು ನಾನು ಹುಡುಕಿದೆ. ಅಣ್ಣನ ಮಗಳಿಗೆ ಬರೆದ ಉತ್ತರವೂ ಅದೇ.

ಅಮೋನಿಯಾದಲ್ಲಿ ಮೇಲೊಂದು ನೈಟ್ರೋಜನ್, ಕೆಳಗೆ ತ್ರಿಕೋನವಾಗಿ ಮೂರು ಹೈಡ್ರೋಜನ್. ಈ ಅಣುವನ್ನು ಮೊದಲಿನಂತೆಯೇ ಕಾಣುವ ಹಾಗೆ ಎಷ್ಟು ರೀತಿಯಲ್ಲಿ ಕದಲಿಸಬಹುದು? ಸುಮ್ಮನೆ ಬಿಡುವುದು ಒಂದು. 120 ಡಿಗ್ರಿ ತಿರುಗಿಸುವುದು, 240 ಡಿಗ್ರಿ ತಿರುಗಿಸುವುದು, ಇವು ಎರಡು. ಪ್ರತಿ ಹೈಡ್ರೋಜನ್ನಿನ ಮೂಲಕ ಒಂದೊಂದು ಕನ್ನಡಿ, ಅವು ಮೂರು. ಒಟ್ಟು ಆರು. ಇವುಗಳಲ್ಲಿ ಯಾವ ಎರಡನ್ನು ಒಂದರ ಹಿಂದೆ ಒಂದು ಮಾಡಿದರೂ ಸಿಗುವುದು ಈ ಆರರಲ್ಲೇ ಒಂದು. ಹೊರಗಿನದು ಯಾವುದೂ ಬರುವುದಿಲ್ಲ. ಮಾಡಿದ್ದನ್ನು ಅಳಿಸುವ ಕ್ರಿಯೆಯೂ ಒಳಗೇ ಇರುತ್ತದೆ. ಹೀಗೆ ತನ್ನೊಳಗೇ ಪೂರ್ಣವಾದ ಕೂಟಕ್ಕೆ ಗ್ರೂಪ್ ಎನ್ನುತ್ತಾರೆ.

ಈಗ ಕಾಗದದ ಮೇಲೆ ಎರಡು ಬಾಣ ಬರೆಯಿರಿ, ಒಂದು ಅಡ್ಡ, ಒಂದು ಉದ್ದ. ಎರಡನ್ನೂ ಸೇರಿಸಿ 120 ಡಿಗ್ರಿ ತಿರುಗಿಸಿ. ತಿರುಗಿದ ಅಡ್ಡ ಬಾಣದಲ್ಲಿ ಹಳೆಯ ಅಡ್ಡ ದಿಕ್ಕಿನ ಪಾಲು ಎಷ್ಟು ಉಳಿಯಿತು? ಮೈನಸ್ ಅರ್ಧ, ಯಾಕೆಂದರೆ ಅದು ಹಿಮ್ಮುಖವಾಗಿ ವಾಲಿದೆ. ಉದ್ದ ಬಾಣದಲ್ಲಿ ಹಳೆಯ ಉದ್ದ ದಿಕ್ಕಿನ ಪಾಲು? ಅದೂ ಮೈನಸ್ ಅರ್ಧ. ಎರಡನ್ನು ಕೂಡಿಸಿದರೆ ಮೈನಸ್ ಒಂದು. ಸುಮ್ಮನೆ ಬಿಟ್ಟರೆ ಒಂದು, ಒಂದು ಸೇರಿ ಎರಡು. ಕನ್ನಡಿಯಲ್ಲಿ ಒಂದು ಬಾಣ ಹಾಗೇ ಉಳಿದು ಇನ್ನೊಂದು ತಿರುವುಮುರುವಾಗುತ್ತದೆ, ಆದ್ದರಿಂದ ಸೊನ್ನೆ. ಮೂರನೆಯ ಸಾಲು 2, –1, 0 ಬಂದದ್ದು ಹೀಗೆ. ಇನ್ನು ಮೊದಲ ಕಾಲಮ್ಮಿನ 1, 1, 2ರ ವರ್ಗಗಳನ್ನು ಕೂಡಿಸಿ ನೋಡಿ: 1, 1, 4, ಒಟ್ಟು 6. ಕ್ರಿಯೆಗಳ ಸಂಖ್ಯೆಯೂ 6. ಇದು ಆಕಸ್ಮಿಕವಲ್ಲ, ಪ್ರಮೇಯ. ನಾಲ್ಕನೆಯ ಸಾಲಿಗೆ ಆ ಕೋಷ್ಟಕದಲ್ಲಿ ಜಾಗವೇ ಇಲ್ಲ ಎಂದು ಅದೇ ಪ್ರಮೇಯ ಹೇಳುತ್ತದೆ. ಇದು ತಿಳಿದ ಸಂಜೆ ಗ್ರಂಥಾಲಯ ಮುಚ್ಚುವವರೆಗೂ ನಾನು ಆ ಮೇಜು ಬಿಟ್ಟು ಏಳಲಿಲ್ಲ.

ಜಮಖಂಡಿಯಲ್ಲಿ ನನ್ನ ಜೊತೆ ಓದುತ್ತಿದ್ದ ಗೆಳೆಯನೊಬ್ಬ ಬೀಳಗಿ ತಾಲ್ಲೂಕಿನ ಕೃಷ್ಣೆಯ ದಂಡೆಯ ಹಳ್ಳಿಯವನು. ಪದವಿ ಮುಗಿದ ಮೇಲೆ ಓದು ಮುಂದುವರಿಸಲು ಅವನ ಮನೆಯಲ್ಲಿ ಅನುಕೂಲ ಇರಲಿಲ್ಲ. ಮುಧೋಳ ಸೀಮೆಯ ಒಂದು ಸಕ್ಕರೆ ಕಾರ್ಖಾನೆಯ ಲ್ಯಾಬಿನಲ್ಲಿ ಕೆಮಿಸ್ಟ್ ಆಗಿ ಸೇರಿದ. ನಾನು ರಜೆಗೆ ಬಂದಾಗ ಒಂದು ರಾತ್ರಿ ಪಾಳಿಯಲ್ಲಿ ಅವನ ಲ್ಯಾಬಿಗೆ ಹೋಗಿದ್ದೆ. ಹೊರಗೆ ಕಬ್ಬಿನ ಗಾಡಿಗಳ ಸಾಲು, ಒಳಗೆ ಬೆಲ್ಲದ ಕಮಟು ವಾಸನೆ. ಅವನು ಕಬ್ಬಿನ ರಸಕ್ಕೆ ಸೀಸದ ಲವಣ ಹಾಕಿ ತಿಳಿಮಾಡಿ, ಸೋಸಿ, ಉದ್ದನೆಯ ಗಾಜಿನ ನಳಿಗೆಗೆ ತುಂಬಿ ಪೋಲಾರಿಮೀಟರಿನಲ್ಲಿ ಇಟ್ಟ. ಸೋಡಿಯಂ ದೀಪದ ಹಳದಿ ಬೆಳಕು. ಕಣ್ಣಿಟ್ಟು ಚಕ್ರ ತಿರುಗಿಸುತ್ತ ಎರಡು ಅರ್ಧವೃತ್ತಗಳು ಸಮ ಬೆಳಕಾಗುವಲ್ಲಿ ನಿಲ್ಲಿಸಿ, ‘ಪೋಲ್’ ಎಷ್ಟೆಂದು ರಿಜಿಸ್ಟರಿನಲ್ಲಿ ಬರೆದ. ಬ್ರಿಕ್ಸ್, ಪೋಲ್, ಪ್ಯೂರಿಟಿ, ರಿಕವರಿ, ಇವು ಅವನ ದಿನದ ಮಾತು. ರೈತನ ಕಬ್ಬಿನಿಂದ ಎಷ್ಟು ಸಕ್ಕರೆ ಬಂತು ಎಂಬ ಲೆಕ್ಕ ನಿಂತಿರುವುದು ಈ ಮಾತುಗಳ ಮೇಲೆ.

ನಳಿಗೆಯ ಮೂಲಕ ಹಾಯುವ ಬೆಳಕಿನ ಕಂಪನದ ದಿಕ್ಕನ್ನು ಸಕ್ಕರೆ ಯಾಕೆ ತಿರುಗಿಸುತ್ತದೆ ಎಂದು ಅವನಿಗೆ ಹೇಳಿದೆ. ಸಕ್ಕರೆಯ ಅಣುವಿಗೆ ಕನ್ನಡಿಯ ಸಮ್ಮಿತಿ ಇಲ್ಲ. ನಮ್ಮ ಎಡಗೈಯನ್ನು ಹೇಗೆ ತಿರುಗಿಸಿದರೂ ಬಲಗೈ ಆಗುವುದಿಲ್ಲವೋ ಹಾಗೆ, ಆ ಅಣುವನ್ನು ಅದರ ಕನ್ನಡಿಯ ಪ್ರತಿಬಿಂಬದ ಮೇಲೆ ಹೇಗೂ ಕೂಡಿಸಲಾಗದು. ಕನ್ನಡಿ ಅಡಗಿರುವ ಯಾವ ಕ್ರಿಯೆಯೂ ಯಾವ ಅಣುವಿನ ಗ್ರೂಪಿನಲ್ಲಿ ಇರುವುದಿಲ್ಲವೋ ಆ ಅಣು ಮಾತ್ರ ಬೆಳಕನ್ನು ತಿರುಗಿಸಬಲ್ಲದು. ಅವನು ಚಕ್ರದ ಮೇಲಿಂದ ಕೈ ತೆಗೆಯದೆ ಕೇಳಿಸಿಕೊಂಡ. ‘ಹಂಗಾದ್ರ ನಾ ದಿನಾ ಅಳಿಯೂದು ಇದನ್ನ ಏನು?’ ಎಂದ. ಕಾಲೇಜಿನಲ್ಲಿ ನನಗಿಂತ ಚುರುಕಾಗಿದ್ದವನು ಅವನು. ಆ ಪುಸ್ತಕಗಳು ಅವನ ಕೈಗೆ ಬಂದಿದ್ದರೆ ನನಗಿಂತ ಹೆಚ್ಚು ದೂರ ಹೋಗುತ್ತಿದ್ದ ಎಂದು ನನಗೆ ಆಗಲೂ ಅನಿಸಿತ್ತು, ಈಗಲೂ ಅನಿಸುತ್ತದೆ. ಅವನ ಹಳ್ಳಿ ಮುಂದೆ ಆಲಮಟ್ಟಿ ಅಣೆಕಟ್ಟಿನ ಹಿನ್ನೀರಿಗೆ ಹೋಯಿತು. ಮನೆಯವರೆಲ್ಲ ಪುನರ್ವಸತಿ ಕೇಂದ್ರಕ್ಕೆ ಬಂದರು. ಅವನು ನಿವೃತ್ತಿಯಾಗುವವರೆಗೂ ಅದೇ ಲ್ಯಾಬಿನಲ್ಲಿ ದುಡಿದ.

ನಾನು ಮೇಷ್ಟರಾದ ಮೇಲೆ ಕೆಲವು ವರ್ಷ ಭಾಷಣಗಳಲ್ಲಿ ಒಂದು ಮಾತನ್ನು ಬಹಳ ಕೇಳಿದೆ. ನಮ್ಮ ನೇಕಾರರಿಗೆ ಗ್ರೂಪ್ ಥಿಯರಿ ಮೊದಲೇ ಗೊತ್ತಿತ್ತು, ಪಾಶ್ಚಾತ್ಯರು ಅದಕ್ಕೆ ಆಮೇಲೆ ಹೆಸರಿಟ್ಟರು, ಎಂದು. ಚಪ್ಪಾಳೆ ಬೀಳುವ ಮಾತು. ಆದರೆ ಮಗ್ಗದ ಮನೆಯಲ್ಲೇ ಹುಟ್ಟಿ ಬೆಳೆದ ನನಗೆ ಅದು ಒಪ್ಪಿಗೆಯಾಗಲಿಲ್ಲ. ನನ್ನ ಅಪ್ಪನಿಗೆ ಗೊತ್ತಿದ್ದದ್ದು ಏನು, ಗೊತ್ತಿಲ್ಲದ್ದು ಏನು ಎಂದು ಪ್ರಾಮಾಣಿಕವಾಗಿ ನೋಡಿದರೇ ಅವರಿಗೆ ಗೌರವ ಕೊಟ್ಟಂತೆ.

ದಡಿಯ ವಿಷಯವನ್ನೇ ತೆಗೆದುಕೊಳ್ಳಿ. ಒಂದೇ ಚಿತ್ತಾರ ಉದ್ದಕ್ಕೂ ಮರುಕಳಿಸುವ ಪಟ್ಟಿ ಅದು. ಮುಂದೆ ಸರಿಯುವುದಂತೂ ಇದ್ದೇ ಇದೆ. ಅದರ ಜೊತೆ ಇನ್ನೇನಿರಬಹುದು? ಅಡ್ಡಕ್ಕೆ ಮಡಚಿದರೆ ಕೂಡಬಹುದು, ಗೋಪುರದ ಸಾಲಿನಂತೆ. ಉದ್ದಕ್ಕೆ ಮಡಚಿದರೆ ಕೂಡಬಹುದು, ಒಂದೇ ಕಡೆ ಮುಖ ಮಾಡಿದ ಬಾಣಗಳ ಸಾಲಿನಂತೆ. ತಲೆಕೆಳಗು ಮಾಡಿದರೆ ಹಾಗೇ ಇರಬಹುದು. ನಡೆದು ಹೋದವರ ಹೆಜ್ಜೆ ಗುರುತಿನಂತೆ, ಸರಿಯುತ್ತ ಮಗುಚುತ್ತ ಸಾಗಬಹುದು. ಇವುಗಳನ್ನು ಮನಬಂದಂತೆ ಕೂಡಿಸಲು ಆಗುವುದಿಲ್ಲ. ಅಡ್ಡ ಮಡಿಕೆಯೂ ಉದ್ದ ಮಡಿಕೆಯೂ ಇರುವ ವಜ್ರದ ಸಾಲನ್ನು ನೋಡಿ. ಎರಡು ಮಡಿಕೆಗಳನ್ನು ಒಂದರ ಹಿಂದೆ ಒಂದು ಮಾಡಿದರೆ ಅದೇ ತಲೆಕೆಳಗಿನ ತಿರುವು. ಎರಡನ್ನು ಒಪ್ಪಿಕೊಂಡವನ ಮನೆಗೆ ಮೂರನೆಯದು ಕರೆಯದೆ ಬರುತ್ತದೆ. ಹೀಗೆ ಯಾವುದು ಯಾವುದನ್ನು ಕರೆತರುತ್ತದೆ ಎಂದು ಒಂದೊಂದಾಗಿ ನೋಡುತ್ತ ಹೋದರೆ ಉಳಿಯುವುದು ಏಳೇ ಬಗೆ. ಹೂವು, ಗಿಳಿ, ತೇರು, ಏನನ್ನೇ ಬಿಡಿಸಿ, ಜಗತ್ತಿನ ಯಾವ ದೇಶದ ಯಾವ ಸೀರೆಯ ದಡಿಯೂ ಈ ಏಳರಲ್ಲಿ ಒಂದಾಗಿರಲೇಬೇಕು. ಎಂಟನೆಯದು ಇಲ್ಲ.

ಅಪ್ಪ ಈ ಏಳರಲ್ಲಿ ಅನೇಕವನ್ನು ನೇಯ್ದಿದ್ದರು. ಆದರೆ ಎಂಟನೆಯದು ಇಲ್ಲ ಎಂದು ಅವರಿಗೆ ತಿಳಿದಿರಲಿಲ್ಲ. ತಿಳಿಯುವುದು ಸಾಧ್ಯವೂ ಇರಲಿಲ್ಲ. ಸಾವಿರ ದಡಿ ನೇಯ್ದರೂ ಮುಂದಿನದು ಹೊಸತಾಗಿರಬಹುದು ಎಂಬ ಅನುಮಾನ ಕೈಗೆ ಉಳಿದೇ ಇರುತ್ತದೆ. ಆ ಅನುಮಾನವನ್ನು ತೀರಿಸುವುದು ಸಾಬೀತು ಮಾತ್ರ. ಗುಳೇದಗುಡ್ಡದ ಖಣದಂತೆ ಅಗಲಕ್ಕೂ ಉದ್ದಕ್ಕೂ ತುಂಬುವ ಚಿತ್ತಾರಗಳಿಗೆ ಬಂದರೆ ಬಗೆಗಳು ಹದಿನೇಳು. ಅದನ್ನು 1891ರಲ್ಲಿ ರಷ್ಯದ ಫೆಡರೋವ್ ಸಾಧಿಸಿದ. ಹದಿನೇಳರಲ್ಲಿ ಐದಕ್ಕೆ 120 ಅಥವಾ 60 ಡಿಗ್ರಿಯ ತಿರುವು ಬೇಕು. ಚೌಕದ ಕಾಗದದ ಮೇಲೆ, ಮೂಲೆಗಳು ಸರಿಯಾಗಿ ಗೆರೆ ಕೂಡುವ ಬಿಂದುಗಳಲ್ಲೇ ಕೂರುವಂತೆ ಸಮಭುಜ ತ್ರಿಕೋನ ಬಿಡಿಸಲು ಎಂದಿಗೂ ಆಗದು. ಅದರ ಎತ್ತರದಲ್ಲಿ ಮೂರರ ವರ್ಗಮೂಲ ಬಂದು ಕೂರುತ್ತದೆ, ಎಳೆ ಎಣಿಸಿ ಅದನ್ನು ಮುಟ್ಟಲಾಗದು. ಹಾಸು ಹೊಕ್ಕು ನೇರ ಕೋನದಲ್ಲಿ ಕೂಡುವ ಮಗ್ಗಕ್ಕೆ ದಕ್ಕುವುದು ಉಳಿದ ಹನ್ನೆರಡು ಮಾತ್ರ. ರಬಕವಿಯ ಮಾಸ್ತರರ ಆರೆಸಳಿನ ಹೂವಿಗೆ ಉತ್ತರ ಇದು. ಅವರ ಕೈಗೆ ಗಡಿ ಎಲ್ಲಿದೆ ಎಂದು ಗೊತ್ತಿತ್ತು. ಗಡಿ ಅಲ್ಲೇ ಯಾಕಿದೆ ಎಂದು ಪುಸ್ತಕಕ್ಕೆ ಗೊತ್ತಿತ್ತು. ಎರಡೂ ದೊಡ್ಡ ತಿಳಿವಳಿಕೆಗಳೇ. ಒಂದನ್ನು ಇನ್ನೊಂದೆಂದು ಕರೆದರೆ ಎರಡಕ್ಕೂ ಅನ್ಯಾಯ.

ವಿಜ್ಞಾನದಲ್ಲಿ ಈ ಪುಸ್ತಕಗಳ ಬಲವೆಲ್ಲ ಇಂಥ ಸಾಬೀತಿನಲ್ಲಿದೆ. 1962ರ ಹೊತ್ತಿಗೆ ಪರಮಾಣುವಿಗಿಂತ ಚಿಕ್ಕ ಕಣಗಳ ಒಂದು ಕುಟುಂಬದಲ್ಲಿ ಒಂಬತ್ತು ಸಿಕ್ಕಿದ್ದವು. ಗ್ರೂಪಿನ ಲೆಕ್ಕದಲ್ಲಿ ಹತ್ತು ಸ್ಥಾನ ಇತ್ತು. ಹತ್ತನೆಯದು ಇರಲೇಬೇಕು, ಅದರ ತೂಕ ಸುಮಾರು ಇಷ್ಟಿರಬೇಕು ಎಂದು ಭೌತವಿಜ್ಞಾನಿ ಗೆಲ್-ಮನ್ ಹೇಳಿದರು. 1964ರಲ್ಲಿ ಅಮೆರಿಕದ ಬ್ರೂಕ್‌ಹೇವನ್ ಪ್ರಯೋಗಾಲಯದಲ್ಲಿ ಒಮೆಗಾ-ಮೈನಸ್ ಎಂಬ ಆ ಕಣ ಸಿಕ್ಕಿತು. ಸಾಬೀತು ತನ್ನ ಷರತ್ತನ್ನೂ ಹೇಳುತ್ತದೆ. ಮರುಕಳಿಸುವ ಜೋಡಣೆಯಲ್ಲಿ ಒಂದು ಸುತ್ತನ್ನು ಐದು ಸಮಪಾಲು ಮಾಡುವ ತಿರುವು, ಅಂದರೆ ಐದರ ತಿರುವು, ಇರಲಾರದು ಎಂಬುದು ಹರಳುಗಳ ವಿಜ್ಞಾನದ ಹಳೆಯ ಪ್ರಮೇಯ. 1982ರಲ್ಲಿ ವಿಜ್ಞಾನಿ ಶೆಖ್ಟ್‌ಮನ್ ಒಂದು ಮಿಶ್ರಲೋಹದಲ್ಲಿ ಐದರ ತಿರುವಿನ ಗುರುತು ಕಂಡಾಗ ಬಹಳ ಜನ ನಂಬಲಿಲ್ಲ. ಕೊನೆಗೆ 2011ರಲ್ಲಿ ಅವರಿಗೆ ನೊಬೆಲ್ ಬಂತು. ಪ್ರಮೇಯ ಸುಳ್ಳಾಗಲಿಲ್ಲ. ಆ ಲೋಹದಲ್ಲಿ ಪರಮಾಣುಗಳ ಜೋಡಣೆ ಕ್ರಮಬದ್ಧವಾಗಿದ್ದರೂ ಮರುಕಳಿಸುತ್ತಿರಲಿಲ್ಲ, ಅಷ್ಟೇ. ಯಾವ ಷರತ್ತಿನ ಮೇಲೆ ನಾವು ನಿಂತಿದ್ದೇವೆ ಎಂದು ತೋರಿಸುವ ಪ್ರಾಮಾಣಿಕತೆ ಈ ವಿದ್ಯೆಯಲ್ಲಿದೆ.

ಈಗ ಬನಹಟ್ಟಿಯಲ್ಲಿ ದಡಿಯ ಡಿಸೈನು ಕಂಪ್ಯೂಟರಿನಲ್ಲಿ ಆಗುತ್ತದೆ. ಚಿತ್ತಾರದ ಒಂದು ತುಂಡು ಬಿಡಿಸಿ ಬಟನ್ ಒತ್ತಿದರೆ ಕನ್ನಡಿ, ತಿರುವು, ಮರುಕಳಿಕೆ ಎಲ್ಲವನ್ನೂ ಅದೇ ಹಾಕುತ್ತದೆ. ಆ ಬಟನ್ನುಗಳ ಒಳಗೆ ಕೂತಿರುವುದು ಇದೇ ಗಣಿತ. ಸೂರತ್ತಿನ ಅಗ್ಗದ ಸೀರೆಗಳ ಎದುರು ಊರಿನ ಮಗ್ಗಗಳು ಹೆಣಗುತ್ತಿವೆ. ಡಿಸೈನ್ ಮಾಸ್ತರರು ತೀರಿಕೊಂಡು ಬಹಳ ಕಾಲವಾಯಿತು. ಜಮಖಂಡಿ, ಮುಧೋಳ ಬಿಜಾಪುರ ಜಿಲ್ಲೆಯಿಂದ 1997ರಲ್ಲಿ ಬಾಗಲಕೋಟೆ ಜಿಲ್ಲೆಗೆ ಬಂದವು. ರಬಕವಿ-ಬನಹಟ್ಟಿಯೇ ಒಂದು ತಾಲ್ಲೂಕಾಯಿತು. ಕಾಲೇಜುಗಳು ಊರ ಹತ್ತಿರ ಬಂದಿವೆ, ನೇಕಾರರ, ಕಬ್ಬು ಕಡಿಯುವವರ ಹೆಣ್ಣುಮಕ್ಕಳು ಎಂ.ಎಸ್ಸಿ. ಓದುತ್ತಿದ್ದಾರೆ. ನಮ್ಮ ಕಾಲದಲ್ಲಿ ಗ್ರಂಥಾಲಯದಲ್ಲಿ ಒಂದೇ ಪ್ರತಿ ಇದ್ದ ಪುಸ್ತಕಗಳು ಈಗ ಅವರ ಫೋನಿನಲ್ಲಿವೆ. ಇವೆಲ್ಲ ಒಳ್ಳೆಯ ಬದಲಾವಣೆ, ನಾನು ಮನಸಾರೆ ಸಂತೋಷಪಡುತ್ತೇನೆ. ಬದಲಾಗದೆ ಉಳಿದದ್ದು ಆ ಬೋರ್ಡಿನ ಕೋಷ್ಟಕ ಮತ್ತು ಬಾಯಿಪಾಠ.

ಹೊಸದಾಗಿ ಕಲಿಯುವವರು ಕೇಳಿದರೆ ನಾನು ಹೇಳುವ ಕ್ರಮ ಇದು. ಮೊದಲು ವೈಲ್ 1952ರಲ್ಲಿ ಸಾಮಾನ್ಯ ಓದುಗರಿಗೆ ಬರೆದ ‘ಸಿಮ್ಮೆಟ್ರಿ’ ಎಂಬ ಸಣ್ಣ ಪುಸ್ತಕ. ಅದರಲ್ಲಿ ದಡಿ, ನೆಲಹಾಸು, ಹೂವು, ಹರಳು ಎಲ್ಲ ಇವೆ. ಆಮೇಲೆ ಕಾಟನ್, ಪಕ್ಕದಲ್ಲಿ ಸಾಬೀತುಗಳಿಗಾಗಿ ಜೋಶಿ. ಅಷ್ಟಾದ ಮೇಲೆ ಭಗವಂತಂ–ವೆಂಕಟರಾಯುಡು. ಕಾರ್ಬನ್ ಡೈಆಕ್ಸೈಡಿನ ಎರಡು ಆಕ್ಸಿಜನ್‌ಗಳು ಒಟ್ಟಿಗೆ ಹೊರಗೆ ಒಟ್ಟಿಗೆ ಒಳಗೆ ಆಡುವ ಕಂಪನ ರಾಮನ್ ರೋಹಿತದಲ್ಲಿ ಮಾತ್ರ ಯಾಕೆ ಕಾಣುತ್ತದೆ, ಭೂಮಿಯ ಶಾಖವನ್ನು ಹಿಡಿದಿಡುವ ಅದರ ಇನ್ನುಳಿದ ಕಂಪನಗಳು ಅವಕೆಂಪಿನಲ್ಲಿ ಮಾತ್ರ ಯಾಕೆ ಕಾಣುತ್ತವೆ ಎಂದು ಸ್ವತಃ ಲೆಕ್ಕ ಮಾಡಿ ನೋಡಲಿ. ಅಷ್ಟು ಮಾಡಿದ ವಿದ್ಯಾರ್ಥಿ ಮುಂದೆ ಯಾವ ಕೋಷ್ಟಕವನ್ನೂ ಉರು ಹೊಡೆಯಬೇಕಿಲ್ಲ.

ಇವೆಲ್ಲವೂ ಇಂಗ್ಲಿಷ್ ಪುಸ್ತಕಗಳು. ನಮ್ಮ ಸೀಮೆಯ ಮಕ್ಕಳಿಗೆ ಇವುಗಳಿಗಿಂತ ಮೊದಲು ಕನ್ನಡದಲ್ಲಿ ಒಂದು ಬೇಕು. ಅದು ದಡಿಯಿಂದ ಶುರುವಾಗಬೇಕು. ಎರಡೂ ಮಗ್ಗುಲಲ್ಲಿ ಒಂದೇ ಚಿತ್ತಾರ ಕಾಣುವ ಕಸೂತಿಯ ಗವಂತಿ ಹೊಲಿಗೆಯಲ್ಲಿ ಬಟ್ಟೆಯೇ ಹೇಗೆ ಕನ್ನಡಿಯಾಗುತ್ತದೆ ಎಂದು ತೋರಿಸಬೇಕು. ಖಣದ ಹನ್ನೆರಡನ್ನು ಎಣಿಸಬೇಕು, ಮಗ್ಗಕ್ಕೆ ಎಟುಕದ ಐದನ್ನೂ ಹೇಳಬೇಕು. ಅಲ್ಲಿಂದ ಅಮೋನಿಯಾ, ರಾಮನ್, ಸಕ್ಕರೆ ಕಾರ್ಖಾನೆಯ ಪೋಲ್. ಸಾಬೀತನ್ನು ಎಲ್ಲಿಯೂ ಬಿಟ್ಟುಕೊಡಬಾರದು, ಯಾಕೆಂದರೆ ಈ ವಿದ್ಯೆಯ ಜೀವ ಇರುವುದೇ ಅದರಲ್ಲಿ. ನಾನು ಅದನ್ನು ಬರೆಯಲು ಕೂತಿದ್ದೇನೆ. ದಡಿಯ ಅಧ್ಯಾಯ ಮುಗಿದಿದೆ, ಅಣ್ಣನ ಮಗಳು ಓದಿ ಎರಡು ಕಡೆ ತಿಳಿಯಲಿಲ್ಲ ಎಂದು ಗುರುತು ಹಾಕಿದ್ದಾಳೆ. ಆ ಎರಡನ್ನೂ ತಿದ್ದಿ ಬರೆದು ಮುಂದಿನ ಅಧ್ಯಾಯಕ್ಕೆ ಹೋಗುತ್ತೇನೆ.